ಮೈದಾ ಅಂಟು

ತಾಲೂಕಿನಿಂದ ಬಂದ ಪುಸ್ತಕದಲ್ಲಿ ಶರತ್ಕಾಲಕ್ಕೆ
ಹದಿನಾರು ಪುಟ. ಎಲ್ಲವೂ ಸುಲಭ ಎಂದಿದೆ.
ಬೇಕಾದದ್ದು: ಕೆಂಪು ಎಲೆ ಇಪ್ಪತ್ತು, ಕಿತ್ತಳೆ ಎಲೆ ಇಪ್ಪತ್ತು,
ಒಂದು ಕುಂಬಳಕಾಯಿ, ಬಿಸಿ ಅಂಟಿನ ಗನ್ನು.

ನಮ್ಮಲ್ಲಿ ಕಿತ್ತಳೆ ಎಂದರೆ ಹಣ್ಣು,
ಅದೂ ಈಗಿನ್ನೂ ಹಸಿರು, ಹಲ್ಲು ಚುಳ್ಳೆನ್ನುವ ಹುಳಿ.
ತುಲಾ ಸಂಕ್ರಮಣ ಕಳೆದು ನಾಲ್ಕು ದಿನ;
ಮಾಲ್ದಾರೆ ರಸ್ತೆಯ ಮರಗಳು
ಮಳೆಗಾಲ ಮುಗಿದದ್ದನ್ನು ಯಾರೂ ಹೇಳಿಲ್ಲವೆಂಬಂತೆ
ಹಸಿರಿನ ಮೇಲೆ ಹಸಿರು ಹೊದ್ದು ನಿಂತಿವೆ.
ಶಾಲೆಯ ಗೇಟಿನ ಕಾಡುಬಾದಾಮಿ ಮಾತ್ರ
ದಿನಕ್ಕೊಂದು ಎಲೆ ಕೆಂಪು ಮಾಡಿ ಕೆಡವುತ್ತದೆ,
ಅದಕ್ಕೆ ಹದಿನೇಳು ಮಕ್ಕಳ ಜಗಳ.

ಪುಸ್ತಕ ಮಡಚಿ ಕಿಟಕಿಯ ಸಂದಿಗಿಟ್ಟೆ, ಬಾಗಿಲು ಬಡಿಯದಿರಲೆಂದು.
ಹೋಗಿ, ಬಿದ್ದದ್ದು ಮಾತ್ರ ತನ್ನಿ, ಎಂದೆ.
ಬೇಲಿ ದಾಟಬೇಡಿ. ಇದನ್ನು ಎರಡು ಸಲ.

ದೇಚಕ್ಕ ಬಿಸಿಯೂಟದ ಒಲೆಯ ಮೇಲೆ
ಎರಡು ಹಿಡಿ ಮೈದಾ ಕದಡಿಟ್ಟರು.
ನನ್ನಪ್ಪ ಗಾಳಿಪಟಕ್ಕೆ ಅಂಟು ಕಾಯಿಸುವಾಗ
ಚಿಟಿಕೆ ಮೈಲುತುತ್ತ ಹಾಕುತ್ತಿದ್ದರು, ಹುಳ ಬಾರದಿರಲೆಂದು.
ಇಲ್ಲಿ ಹಾಕುವಂತಿಲ್ಲ. ಇವರು ಬೆರಳು ನೆಕ್ಕುತ್ತಾರೆ,
ಅಂಟಿಸುವುದಕ್ಕಿಂತ ಹೆಚ್ಚು.

ಲಂಗದ ಮಡಿಲಲ್ಲಿ, ಟಿಫಿನ್ ಮುಚ್ಚಳದಲ್ಲಿ ತುಂಬಿ ಬಂತು:
ಸಿಲ್ವರ್ ಓಕಿನ ಸೀಳು ಸೀಳು ಎಲೆ, ಮೇಲೆ ಕಂದು, ಕೆಳಗೆ ಬೆಳ್ಳಿ;
ಯಾವುದೋ ಪ್ರಾಣಿ ಕಚ್ಚಿ ಬಿಟ್ಟ ಕಾಫಿ ಹಣ್ಣು;
ಅರ್ಧ ಹಕ್ಕಿಗೂಡು; ಹಾವಿನ ಪೊರೆ ಒಂದು ಗೇಣು,
ಅದನ್ನು ವಾಪಸ್ಸು ಕಳಿಸಿದೆ.

ರೂಪ್‌ಜಾನ್ ಹಲಸಿನೆಲೆಗೆ ಕಡ್ಡಿ ಚುಚ್ಚಿ ಕಿರೀಟ ಹೊಲಿದಳು,
ಅಸ್ಸಾಮಿನ ಅಜ್ಜಿಗೆ ಫೋಟೋ ಕಳಿಸಲು ನನ್ನ ಫೋನ್ ಕೇಳಿದಳು.
ಸಫ್ವಾನ್ ಬೆಳ್ಳಿ ಜರೀಗಿಡವನ್ನು ತೋಳಿಗೆ ರಪ್ಪೆಂದು ಬಡಿದ;
ಎತ್ತಿದರೆ ಚರ್ಮದ ಮೇಲೆ ಬಿಳಿಯ ಗಿಡ.
ಆಮೇಲೆ ಎಲ್ಲರ ಕೆನ್ನೆಗೆ, ಮೊಣಕಾಲಿಗೆ, ನನ್ನ ಸೀರೆಗೂ.
ಬೊಳ್ಳಮ್ಮ ಓಕಿನೆಲೆಯನ್ನು ತಿರುಗಿಸಿಟ್ಟಳು ಅಷ್ಟೇ,
ಮೀನಾಯಿತು, ಮುಳ್ಳು ಸಮೇತ.

ಕಣ್ಣುಗಳನ್ನು ಹಂಚಿದವಳು ನಾನು:
ಕಳೆದ ವರ್ಷದ ಕಾಫಿ ಬೀಜ, ನಡುವೆ ಗೆರೆ,
ಅರೆನಿದ್ದೆಯ ಕಣ್ಣು. ತಲೆಗೆ ಎರಡರಂತೆ.

ತೋಲ ಮಾತಾಡದೆ ಆನೆ ಮಾಡುತ್ತಿದ್ದ.
ಒಣ ತೇಗದೆಲೆ, ಮುಟ್ಟಿದರೆ ಆ ಚರ್ಮವೇ;
ಮೆಣಸಿನ ಬಳ್ಳಿಯ ಸೊಂಡಿಲು;
ಬಾಲಕ್ಕೆ ತನ್ನದೇ ಕೂದಲು, ಮೂರೆಳೆ.
ಕಣ್ಣು ಕೊಡಲು ಹೋದರೆ ಕೈ ಹಿಂದೆ ಕಟ್ಟಿಕೊಂಡ.
"ಬೇಡ ಟೀಚರ್. ನೋಡಿಬಿಡುತ್ತೆ."

ಅವನ ಮಾವ ಈಗ ಕೋಲೂರಿ ನಡೆಯುತ್ತಾರೆ.
ಮುಂಜಾನೆಯ ಮಂಜಿನಲ್ಲಿ ತೋಟಕ್ಕೆ ಹೊರಟಿದ್ದವರು.
ತರಗತಿಗೆಲ್ಲ ಗೊತ್ತು. ಯಾರೂ ನಗಲಿಲ್ಲ.
ಬೊಳ್ಳಮ್ಮ ಮಾತ್ರ ಕೇಳಿದಳು,
"ಕಣ್ಣಿಲ್ಲದೆ ಕಾಡಿಗೆ ಹೇಗೆ ಹೋಗುತ್ತೆ?"
"ಮೂಸುತ್ತೆ," ಎಂದ.
ಬೀಜವೆರಡು ನನ್ನ ಮುಷ್ಟಿಯಲ್ಲೇ ಬೆವತವು.

ಸೋಮವಾರ ಬೀಗ ತೆಗೆದರೆ ಗೋಡೆಯುದ್ದಕ್ಕೂ ಇರುವೆ.
ಮೈದಾದ ಊಟ ಮುಗಿಸಿ ಹೊರಟಿದ್ದವು.
ಮೀನು ನೆಲದಲ್ಲಿ, ಕಿರೀಟ ಸುರುಳಿ,
ಕಣ್ಣುಗಳು ಬೆಂಚಿನಡಿ ಉರುಳಿ ಯಾರನ್ನೂ ನೋಡುತ್ತಿಲ್ಲ.
ಹದಿನಾರು ಪುಟದ ಪುಸ್ತಕವನ್ನು ಮುಟ್ಟಿಯೂ ಇಲ್ಲ,
ಅದು ಕಿಟಕಿಯನ್ನು ತೆರೆದೇ ಹಿಡಿದಿತ್ತು.
ತೋಲನ ಹಾಳೆಯಲ್ಲಿ ಆನೆಯಾಕಾರದ ಅಂಟಿನ ಕಲೆ,
ಅದಕ್ಕೆ ಹತ್ತಿಕೊಂಡು ಮೂರೆಳೆ ಕೂದಲು.

ಅಳುತ್ತಾನೆಂದು ಹೊಸ ಹಾಳೆ ತೆಗೆದಿಟ್ಟಿದ್ದೆ.
ಅವನು ಕಲೆಯ ಮೇಲೆ ಬೆರಳಾಡಿಸಿದ,
ಕಿಟಕಿಯತ್ತ ನೋಡಿದ, ಬೇಲಿಯತ್ತ, ಅದರಾಚೆ.
"ಹೋಯ್ತು," ಎಂದು ಉಸಿರು ಬಿಟ್ಟದ್ದು
ಕರಿಹಲಗೆಯ ತನಕ ಕೇಳಿಸಿತು.

ಮುಂದಿನ ಸಲ ಚಿಟಿಕೆ ತುತ್ತ ಹಾಕೋಣವಾ,
ಪೊರಕೆ ಹಿಡಿದು ಕೇಳಿದರು ದೇಚಕ್ಕ.
ಬೇಡ ಎಂದೆ.